ವಿಮಾನ ಬದಲಾದರೂ ಸ್ಕ್ವಾಡ್ರನ್ ಅದೇ ಹೇಗೆ? ದೇವಯ್ಯನವರ ‘ಟೈಗರ್ಸ್’ ಬಗ್ಗೆ ಒಂದು ಉತ್ತರ

ಪ್ರಶ್ನೆ: ಸರ್, ಕೊಡಗಿನ ಸ್ಕ್ವಾಡ್ರನ್ ಲೀಡರ್ ದೇವಯ್ಯ ಅವರು ವಾಯುಪಡೆಯ ನಂ. 1 ಸ್ಕ್ವಾಡ್ರನ್‌ನಲ್ಲಿದ್ದರು ಅಂತ ಓದಿದ್ದೇನೆ. ಅದೇ ಸ್ಕ್ವಾಡ್ರನ್ ಈಗ ಮಿರಾಜ್ ಹಾರಿಸುತ್ತದೆ, ಬ್ರಿಟಿಷರ ಕಾಲದಲ್ಲಿ ಬಟ್ಟೆ ಹೊದಿಸಿದ ವಿಮಾನ ಹಾರಿಸುತ್ತಿತ್ತು ಅಂತಾರೆ. ವಿಮಾನ, ಜನ, ಊರು ಎಲ್ಲ ಬದಲಾದ ಮೇಲೂ ಅದು ಅದೇ ಸ್ಕ್ವಾಡ್ರನ್ ಹೇಗಾಗುತ್ತದೆ? ಇನ್ನೊಂದು ವಿಷಯ. 1965ರ ಯುದ್ಧದಲ್ಲಿ ದೇವಯ್ಯನವರು ಹಾರಿಸಿದ ಮಿಸ್ಟೇರ್ ವಿಮಾನಕ್ಕಿಂತ ಪಾಕಿಸ್ತಾನದ ಸ್ಟಾರ್‌ಫೈಟರ್ ವಿಮಾನ ಎರಡು ಪಟ್ಟು ವೇಗದ್ದಂತೆ. ಹಾಗಿದ್ದರೆ ಅದನ್ನು ಕೆಡವಿದ್ದು ಹೇಗೆ? ಆ ಹಳೇ ವಿಮಾನಗಳು ಈಗ ಎಲ್ಲಾದರೂ ನೋಡೋಕೆ ಸಿಗುತ್ತವಾ?

ಉತ್ತರ: ನೀವು ಕೇಳಿದ ಮೊದಲ ಪ್ರಶ್ನೆಯನ್ನು ವಾಯುಪಡೆಗೆ ಸೇರಿದ ಹೊಸದರಲ್ಲಿ ನಾನೂ ಕೇಳಿದ್ದೆ. ನಾನು ಪೈಲಟ್ ಅಲ್ಲ, ಏರ್‌ಫ್ರೇಮ್ ಫಿಟ್ಟರ್ ಆಗಿದ್ದವನು. ಅಂದ್ರೆ ವಿಮಾನದ ಮೈ, ರೆಕ್ಕೆ, ಚಕ್ರ ನೋಡಿಕೊಳ್ಳುವ ಕೆಲಸ. ನಂ. 1ರಲ್ಲಿ ಕೆಲಸ ಮಾಡುವ ಅವಕಾಶ ನನಗೆ ಸಿಗಲಿಲ್ಲ, ಆದರೆ ಅದರ ಚರಿತ್ರೆಯನ್ನು ಎಷ್ಟೋ ವರ್ಷದಿಂದ ಓದಿಕೊಂಡು ಬಂದಿದ್ದೇನೆ. ಅದಕ್ಕೇ ಉತ್ತರ ಸ್ವಲ್ಪ ಉದ್ದ ಆಗುತ್ತದೆ.

ಸ್ಕ್ವಾಡ್ರನ್ ಅಂದ್ರೆ ವಾಯುಪಡೆಯ ಒಂದು ತುಕಡಿ, ವಿಮಾನ ಅಲ್ಲ. ಊರ ತೇರನ್ನೇ ನೋಡಿ. ಚಕ್ರ ಸವೆದರೆ ಹೊಸ ಚಕ್ರ ಹಾಕುತ್ತಾರೆ, ಅಚ್ಚು ಮುರಿದರೆ ಅಚ್ಚು, ಮರ ಹುಳ ಹಿಡಿದರೆ ಮರವನ್ನೇ ಬದಲಾಯಿಸುತ್ತಾರೆ. ನೂರು ವರ್ಷದ ಹಿಂದೆ ಎಳೆದವರು ಯಾರೂ ಈಗ ಇಲ್ಲ. ಆದರೂ ಅದು ಅದೇ ತೇರು ಅಲ್ವಾ? ಸ್ಕ್ವಾಡ್ರನ್ನೂ ಹಾಗೇ. ಒಂದು ನಂಬರ್, ಒಂದು ಲಾಂಛನ, ಒಂದು ಧ್ಯೇಯವಾಕ್ಯ, ಗೆದ್ದ ಟ್ರೋಫಿಗಳು, ಹೋದವರ ಫೋಟೋಗಳು, ವರ್ಷವರ್ಷ ಬರೆದಿಟ್ಟ ಡೈರಿ. ಹೊಸ ಹುಡುಗ ಪೋಸ್ಟಿಂಗ್ ಮೇಲೆ ಬಂದರೆ ಇದನ್ನೆಲ್ಲ ನೋಡಿಕೊಂಡೇ ಕೆಲಸ ಶುರು ಮಾಡುತ್ತಾನೆ. ನಂ. 1ರ ಹೆಸರು ‘ಟೈಗರ್ಸ್’, ಧ್ಯೇಯವಾಕ್ಯ ‘ಏಕತಾ ಮೇ ಶಕ್ತಿ’.

ವಿಮಾನ ಹಳೇದಾಗಿ ಹೊಸದು ಬರೋದು ತಡವಾದರೆ ಸ್ಕ್ವಾಡ್ರನ್ನನ್ನು ‘ನಂಬರ್‌ಪ್ಲೇಟ್’ ಮಾಡುತ್ತಾರೆ. ಅಂದ್ರೆ ಜನರನ್ನು ಬೇರೆ ಕಡೆ ಕಳಿಸಿ, ನಂಬರ್ ಮತ್ತು ಪರಂಪರೆಯನ್ನು ಜೋಪಾನವಾಗಿ ಎತ್ತಿಡೋದು. ವಿಸರ್ಜನೆ ಅಲ್ಲ, ನಿದ್ದೆ ಅಂದ್ಕೊಳ್ಳಿ. ಮುಂದೆ ಹೊಸ ವಿಮಾನ ಬಂದಾಗ ಅದೇ ನಂಬರನ್ನು ಎಬ್ಬಿಸುತ್ತಾರೆ. ಒಂದು ಕಾಲಕ್ಕೆ ವ್ಯಾಂಪೈರ್, ಆಮೇಲೆ ಮಿಗ್-21 ಹಾರಿಸಿದ್ದ ನಂ. 45 ಸ್ಕ್ವಾಡ್ರನ್ 2016ರ ಜುಲೈ 1ರಂದು ನಮ್ಮ ಬೆಂಗಳೂರಿನಲ್ಲಿ ತೇಜಸ್ ಜೊತೆ ಮತ್ತೆ ಎದ್ದದ್ದು ಹೀಗೇ. ನಂ. 1 ಕೂಡ ಒಂದು ಸಲ ಇಂಥ ನಿದ್ದೆಗೆ ಹೋಗಿ ಎದ್ದಿದೆ. ಆ ವಿಷಯಕ್ಕೆ ಆಮೇಲೆ ಬರುತ್ತೇನೆ.

ಮೊದಲು ಶುರುವಿನಿಂದ. 1932ರ ಅಕ್ಟೋಬರ್ 8ರಂದು ಕಾನೂನಿನ ಮೂಲಕ ಭಾರತೀಯ ವಾಯುಪಡೆ ಹುಟ್ಟಿತು. ಆವತ್ತು ಅದು ಬರೀ ಕಾಗದದ ಮೇಲಿತ್ತು. ನಿಜವಾಗಿ ವಿಮಾನ ಬಂದಿದ್ದು 1933ರ ಏಪ್ರಿಲ್ 1ರಂದು, ಕರಾಚಿಯ ಡ್ರಿಗ್ ರೋಡ್‌ನಲ್ಲಿ. ಆವತ್ತಿನ ಇಡೀ ವಾಯುಪಡೆ ಎಷ್ಟಿತ್ತು ಗೊತ್ತಾ? ನಾಲ್ಕು ವಾಪಿಟಿ ವಿಮಾನ, ಇಂಗ್ಲೆಂಡಿನ ಕ್ರ್ಯಾನ್‌ವೆಲ್‌ನಲ್ಲಿ ಕಲಿತು ಬಂದ ಆರು ಭಾರತೀಯ ಅಧಿಕಾರಿಗಳು, 19 ಜನ ‘ಹವಾಯಿ ಸಿಪಾಯಿ’ಗಳು, ಅಂದ್ರೆ ವಿಮಾನ ನೋಡಿಕೊಳ್ಳುವ ಕೆಲಸಗಾರರು. ಅಷ್ಟೇ. ಆರರಲ್ಲಿ ಐವರು ಪೈಲಟ್‌ಗಳು, ಒಬ್ಬರು ಸಾಮಗ್ರಿ ನೋಡಿಕೊಳ್ಳುವವರು. ಮುಖ್ಯಸ್ಥ ಬ್ರಿಟಿಷ್ ಅಧಿಕಾರಿ ಸೆಸಿಲ್ ಬೌಚಿಯರ್. ಇದು ನಂ. 1 ಸ್ಕ್ವಾಡ್ರನ್ನಿನ ‘ಎ’ ಫ್ಲೈಟ್, ಅಂದ್ರೆ ಸ್ಕ್ವಾಡ್ರನ್ನಿನ ಒಂದು ಭಾಗ. ಪೂರ್ತಿ ಸ್ಕ್ವಾಡ್ರನ್ ಕೂಡ ಆಗಿರಲಿಲ್ಲ, ಮೂರನೇ ಫ್ಲೈಟ್ ಸೇರಿ ಭರ್ತಿಯಾಗಲು 1938ರವರೆಗೆ ಕಾಯಬೇಕಾಯಿತು. ಆ ಐವರಲ್ಲಿ ಒಬ್ಬರಾದ ಸುಬ್ರತೋ ಮುಖರ್ಜಿ 1939ರಲ್ಲಿ ಇದೇ ಸ್ಕ್ವಾಡ್ರನ್ನಿನ ಕಮಾಂಡರ್ ಆದರು, 1954ರಲ್ಲಿ ವಾಯುಪಡೆಯ ಮೊದಲ ಭಾರತೀಯ ಮುಖ್ಯಸ್ಥರೂ ಆದರು. ಭಾರತೀಯರಿಗೆ ವಿಮಾನ ಹಾರಿಸೋಕೆ ಬರುತ್ತಾ, ಅದನ್ನು ರಿಪೇರಿ ಮಾಡೋಕೆ ಬರುತ್ತಾ ಅಂತ ಬಹಿರಂಗವಾಗಿ ಅನುಮಾನ ಪಡುತ್ತಿದ್ದ ಕಾಲ ಅದು. ಹವಾಯಿ ಸಿಪಾಯಿಗಳ ಹೆಸರು ಯಾರ ಬಾಯಲ್ಲೂ ಬರೋದಿಲ್ಲ. ನನ್ನ ಕಸುಬಿನ ಮೊದಲ ತಲೆಮಾರು ಅವರೇ. ಅದಕ್ಕೇ ಈ 19ರ ಲೆಕ್ಕ ನನಗೆ ಯಾವಾಗಲೂ ನೆನಪಿರುತ್ತದೆ.

ವಾಪಿಟಿ ಹೊಸ ವಿಮಾನ ಅನ್ನೋಕೂ ಆಗಲ್ಲ. ಮೊದಲ ಮಹಾಯುದ್ಧದ ಕಾಲದ ಡಿಎಚ್-9ಎ ವಿಮಾನದ ಬಿಡಿಭಾಗಗಳು ಬ್ರಿಟಿಷರ ಗೋದಾಮಿನಲ್ಲಿ ರಾಶಿ ಬಿದ್ದಿದ್ದವು. ಅವು ದಂಡ ಆಗಬಾರದು, ಅವನ್ನೇ ಆದಷ್ಟು ಬಳಸಿ ಹೊಸದೊಂದು ಮಾಡಿ ಅಂತ ಹೇಳಿ ಮಾಡಿಸಿದ್ದು. ಮೇಲೊಂದು ಕೆಳಗೊಂದು ರೆಕ್ಕೆ, ಮಧ್ಯೆ ಕಂಬ ಮತ್ತು ತಂತಿಗಳು, ಮೈಮೇಲೆ ಬಟ್ಟೆ, ಮುಂದೆ ಮರದ ಪ್ರೊಪೆಲ್ಲರ್. ಪೈಲಟ್ ತಲೆ ಮೇಲೆ ಗಾಜಿಲ್ಲ. ವೇಗ ಗಂಟೆಗೆ 220 ಕಿ.ಮೀ. ಆಸುಪಾಸು. ಇದನ್ನು ತಗೊಂಡು ವಾಯವ್ಯ ಗಡಿಯ ವಜೀರಿಸ್ತಾನಕ್ಕೆ ಹೋಗಬೇಕಿತ್ತು. ಮಿರಾನ್‌ಶಾಹ್‌ನಿಂದ ಹಾರಾಟ. ಕಣಿವೆಯೊಳಗೆ ಹಾರುವಾಗ ಬುಡಕಟ್ಟಿನವರು ಬೆಟ್ಟದ ಮೇಲಿಂದ ಕೆಳಗೆ ನೋಡಿ ಗುಂಡು ಹೊಡೆಯುತ್ತಿದ್ದರು. ನೆಲದ ಮೇಲಿನವನು ಮೇಲೆ, ವಿಮಾನ ಕೆಳಗೆ! ಆ ಗಡಿಯಲ್ಲಿ ಹಾರುವ ಪೈಲಟ್‌ಗಳ ಜೇಬಿನಲ್ಲಿ ಸ್ಥಳೀಯ ಭಾಷೆಯಲ್ಲಿ ಬರೆದ ಒಂದು ಚೀಟಿ ಇರುತ್ತಿತ್ತು. ಇವನನ್ನು ಗಾಯ ಮಾಡದೆ ಜೀವಂತ ತಂದೊಪ್ಪಿಸಿದರೆ ಇಷ್ಟು ಬಹುಮಾನ ಅಂತ.

ನಡುವೆ ಸ್ವಲ್ಪ ಕಾಲ ಹಾಕರ್ ಹಾರ್ಟ್, ಆಡಾಕ್ಸ್ ವಿಮಾನಗಳೂ ಬಂದು ಹೋದವು. ಅವೂ ಎರಡು ರೆಕ್ಕೆಯವೇ, ಅದರ ಬಗ್ಗೆ ಜಾಸ್ತಿ ಹೇಳೋದಿಲ್ಲ.

1941ರಲ್ಲಿ, ಎರಡನೇ ಮಹಾಯುದ್ಧದ ನಡುವೆ, ಲೈಸ್ಯಾಂಡರ್ ಬಂತು. ಬಾಂಬೆಯ ಜನರಿಂದ ಸಂಗ್ರಹಿಸಿದ ಯುದ್ಧನಿಧಿಯ ದುಡ್ಡಿನಲ್ಲಿ ಕೊಂಡ 12 ವಿಮಾನಗಳು ಅವು. ನಾನು ಈ ವಿಮಾನದ ಬಗ್ಗೆ ಸ್ವಲ್ಪ ಹೊತ್ತು ನಿಲ್ಲುತ್ತೇನೆ, ಯಾಕಂದ್ರೆ ಟೈಗರ್ಸ್ ಗುಣ ಅರ್ಥ ಆಗೋದು ಇಲ್ಲೇ. ಲೈಸ್ಯಾಂಡರ್ ಫೈಟರ್ ಅಲ್ಲ, ಬಾಂಬರ್ ಕೂಡ ಅಲ್ಲ. ಸೈನ್ಯದ ಜೊತೆ ನಿಧಾನವಾಗಿ ಹಾರಿ, ಶತ್ರು ಎಲ್ಲಿದ್ದಾನೆ ಅಂತ ನೋಡಿ ಹೇಳೋಕೆ ಮಾಡಿದ್ದು. ರೆಕ್ಕೆ ಪೈಲಟ್ ತಲೆಯ ಮೇಲ್ಗಡೆ ಇರುತ್ತದೆ, ಹಾಗಾಗಿ ಕೆಳಗೆ ಚೆನ್ನಾಗಿ ಕಾಣುತ್ತದೆ. ಚಕ್ರ ಒಳಗೆ ಹೋಗಲ್ಲ, ಅದರ ಮೇಲೆ ದೊಡ್ಡ ಕವಚ. ಆ ಕವಚದೊಳಗೇ ಒಂದೊಂದು ಮಷಿನ್‌ಗನ್ ಕೂರಿಸಿದ್ದಾರೆ. ಕವಚದ ಪಕ್ಕಕ್ಕೆ ಮೊಳದುದ್ದದ ಪುಟ್ಟ ರೆಕ್ಕೆ ಸಿಕ್ಕಿಸಿ ಸಣ್ಣ ಬಾಂಬ್ ತೂಗುಹಾಕಬಹುದು. ಚಿಕ್ಕ ಬಯಲು ಸಿಕ್ಕರೂ ಇಳಿಯುತ್ತದೆ, ಆದರೆ ಬೆನ್ನ ಹಿಂದೆ ಫೈಟರ್ ಬಿದ್ದರೆ ಓಡುವ ತಾಕತ್ತು ಇದಕ್ಕಿಲ್ಲ.

1942ರ ಫೆಬ್ರವರಿ 1ಕ್ಕೆ ಈ ವಿಮಾನಗಳು ಬರ್ಮಾದ ಟೌಂಗೂ ತಲುಪಿದವು. ಆಗ ಸ್ಕ್ವಾಡ್ರನ್ ಕಮಾಂಡರ್ ಕರುಣ್ ಕೃಷ್ಣ ಮಜುಂದಾರ್. ಎಲ್ಲರೂ ಅವರನ್ನು ‘ಜಂಬೋ’ ಅನ್ನುತ್ತಿದ್ದರು. ಇವರು ಬಂದಿಳಿದ ತಕ್ಷಣವೇ ಜಪಾನಿ ವಿಮಾನಗಳು ಬಂದು ನಿಲ್ದಾಣಕ್ಕೆ ಬಾಂಬ್ ಹಾಕಿದವು. ಗಡಿಯಾಚೆ, ಥಾಯ್ಲೆಂಡಿನ ಮೇ ಹಾಂಗ್ ಸಾನ್‌ನಲ್ಲಿ ಜಪಾನಿಯರು ಬಳಸುತ್ತಿದ್ದ ವಿಮಾನ ನಿಲ್ದಾಣ ಇತ್ತು. ಮಜುಂದಾರ್ ಮರುದಿನವೇ ತಿರುಗೇಟು ಕೊಡಲು ಹೊರಟರು. ಯಾವುದರಲ್ಲಿ? ಅದೇ ಲೈಸ್ಯಾಂಡರ್‌ನಲ್ಲಿ! ಸಣ್ಣ ಬಾಂಬ್ ಹೊರುವ ಆ ಪುಟ್ಟ ರೆಕ್ಕೆಗಳಿಗೆ 250 ಪೌಂಡಿನ ಎರಡು ಬಾಂಬ್ ಹೊಂದಿಸಿಕೊಂಡು, ಮರಗಳ ತುದಿ ಸವರುವಷ್ಟು ಕೆಳಗೆ ಹಾರಿ ಹೋಗಿ, ವಿಮಾನ ಇಡುವ ಶೆಡ್ಡಿನ ಮೇಲೆ ಹಾಕಿ ಬಂದರು. ಅದರ ಮಾರನೇ ದಿನ ಇಡೀ ಸ್ಕ್ವಾಡ್ರನ್ನೇ ಹೋಗಿ ಮತ್ತೆ ಹೊಡೆದು ಬಂತು. ನೋಡೋಕೆ ಅಂತ ಮಾಡಿದ ವಿಮಾನವನ್ನು ಇವರು ಬಾಂಬರ್ ಮಾಡಿಕೊಂಡರು. ಒಬ್ಬ ಫಿಟ್ಟರ್ ಆಗಿ ನನಗೆ ಇಲ್ಲಿ ಕಾಣೋದು ಆ ರಾತ್ರಿ ಟಾರ್ಚ್ ಬೆಳಕಿನಲ್ಲಿ ಕೊಕ್ಕೆ, ನಟ್ಟು, ಬೋಲ್ಟು ಹಿಡಿದು ಇದು ಭಾರ ತಡೆಯುತ್ತಾ ಅಂತ ಲೆಕ್ಕ ಹಾಕುತ್ತಾ ಕೂತಿರಬಹುದಾದ ಹುಡುಗರು.

ಮಜುಂದಾರ್‌ಗೆ ಡಿಎಫ್‌ಸಿ ಅನ್ನೋ ಬ್ರಿಟಿಷರ ಶೌರ್ಯ ಪದಕ ಬಂತು. ಆಮೇಲೆ ಯುರೋಪಿಗೆ ಹೋಗಿ 1944ರಲ್ಲಿ ಫ್ರಾನ್ಸಿನ ನಾರ್ಮಂಡಿ ಕಾಳಗದ ಕಾಲದಲ್ಲಿ ಹಾರಿ ಎರಡನೇ ಸಲವೂ ಅದೇ ಪದಕ ಪಡೆದರು. ಆ ಯುದ್ಧದಲ್ಲಿ ಎರಡು ಸಲ ಅದನ್ನು ಪಡೆದ ಭಾರತೀಯ ಪೈಲಟ್ ಅವರೊಬ್ಬರೇ. 1945ರಲ್ಲಿ ಲಾಹೋರ್‌ನಲ್ಲಿ ಹರಿಕೇನ್ ಅಪಘಾತದಲ್ಲಿ ತೀರಿಕೊಂಡರು. ನಮ್ಮ ಶಾಲೆಗಳಲ್ಲಿ ಎಷ್ಟು ಮಕ್ಕಳಿಗೆ ಈ ಹೆಸರು ಗೊತ್ತಿದೆ ಹೇಳಿ? ಅದು ನನಗೆ ಬೇಜಾರಿನ ಸಂಗತಿ.

ಬರ್ಮಾದಿಂದ ವಾಪಸ್ ಬಂದ ಮೇಲೆ 1942ರಲ್ಲೇ ಹರಿಕೇನ್ ಸಿಕ್ಕಿತು. ಟೈಗರ್ಸ್ ನಿಜವಾದ ಅರ್ಥದಲ್ಲಿ ಫೈಟರ್ ಹತ್ತಿದ್ದು ಆವಾಗಲೇ. ಆದರೆ ಅಷ್ಟೊತ್ತಿಗೆ ಹರಿಕೇನ್ ಕೂಡ ಹಳೇದಾಗಿತ್ತು, ಜಪಾನಿ ಫೈಟರ್‌ಗಳು ಇದಕ್ಕಿಂತ ಚುರುಕು. 1944ರ ಶುರುವಿನಲ್ಲಿ ಸ್ಕ್ವಾಡ್ರನ್ ಇಂಫಾಲ್‌ಗೆ ಹೋಯಿತು. ಕಮಾಂಡರ್ ಅರ್ಜನ್ ಸಿಂಗ್, ವಯಸ್ಸು ಆಗಿನ್ನೂ 24. ಮಾರ್ಚ್ ಹೊತ್ತಿಗೆ ಜಪಾನಿ ಸೈನ್ಯ ಇಂಫಾಲ್ ಕಣಿವೆಯನ್ನು ಸುತ್ತುವರಿಯಿತು. ರಸ್ತೆ ಬಂದ್. ಊಟ, ಮದ್ದುಗುಂಡು, ಪೆಟ್ರೋಲ್ ಎಲ್ಲ ಆಕಾಶದಿಂದಲೇ ಬರಬೇಕು. ಹೊರಗೆ ಕಾಡಿನಲ್ಲಿ ಶತ್ರು ಎಲ್ಲಿದ್ದಾನೆ, ಎಷ್ಟಿದ್ದಾನೆ, ಯಾವ ಕಡೆ ಹೊರಟಿದ್ದಾನೆ ಅಂತ ನೋಡಿ ಹೇಳೋದು ಇವರ ಮುಖ್ಯ ಕೆಲಸ. ಎರಡೆರಡು ವಿಮಾನ ಜೋಡಿಯಾಗಿ ಹೋಗೋದು. ಮುಂದಿನವನು ಕೆಳಗೆ ನೋಡುತ್ತಾನೆ. ಹಿಂದಿನವನು ಅತ್ತಿತ್ತ ಹೊಯ್ದಾಡುತ್ತಾ ಆಕಾಶ ಕಾಯುತ್ತಾನೆ. ಮುಂದಿನವನು ತಲೆ ಎತ್ತುವ ಹಾಗೇ ಇಲ್ಲ, ಕಾಡಿನ ಮರದಡಿ ಒಂದು ಎಳೆ ಹೊಗೆಯೋ, ಹೊಸ ಚಕ್ರದ ಗುರುತೋ ಕಣ್ಣಿಗೆ ಬೀಳಬೇಕು. ತನ್ನ ಪ್ರಾಣವನ್ನು ಜೊತೆಗಾರನ ಕಣ್ಣಿಗೆ ಒಪ್ಪಿಸಿಬಿಟ್ಟಿರುತ್ತಾನೆ. ‘ಏಕತೆಯಲ್ಲಿ ಶಕ್ತಿ’ ಅನ್ನೋದಕ್ಕೆ ಇದಕ್ಕಿಂತ ನೇರವಾದ ಅರ್ಥ ನನಗೆ ಗೊತ್ತಿಲ್ಲ. ಆ ಜೂನ್‌ನಲ್ಲಿ ಮೌಂಟ್‌ಬ್ಯಾಟನ್ ಸ್ವತಃ ಇಂಫಾಲ್‌ಗೆ ಬಂದು ಅರ್ಜನ್ ಸಿಂಗ್ ಎದೆಗೆ ಡಿಎಫ್‌ಸಿ ಚುಚ್ಚಿದರು. ಈ ಹೆಸರನ್ನು ನೆನಪಿಟ್ಟುಕೊಳ್ಳಿ.

1945ರಲ್ಲಿ ಸ್ಪಿಟ್‌ಫೈರ್ ಬಂತು, ಯುದ್ಧ ಮುಗಿಯಿತು. ಆಮೇಲೆ ದೇಶ ವಿಭಜನೆ. ಪಾತ್ರೆಪಗಡ ಹಂಚಿದ ಹಾಗೆ ವಾಯುಪಡೆಯನ್ನೂ ಹಂಚಿದರು. ನಂ. 1ರ ವಿಮಾನ, ಸಾಮಾನು ಪಾಕಿಸ್ತಾನದ ಪಾಲಾಯಿತು. ವಾಯುಪಡೆಯ ಮೊಟ್ಟಮೊದಲ ಸ್ಕ್ವಾಡ್ರನ್, ಅದರ ಕೈ ಖಾಲಿ. ನಂಬರ್ ಮಾತ್ರ ಭಾರತದಲ್ಲಿ ಉಳಿಯಿತು. ನಾನು ಆಗಲೇ ಹೇಳಿದ ನಿದ್ದೆ ಇದೇ. 1953ರ ಜನವರಿಯಲ್ಲಿ ಪಂಜಾಬಿನ ಹಲ್ವಾರಾದಲ್ಲಿದ್ದ ನಂ. 15 ಸ್ಕ್ವಾಡ್ರನ್ನಿಗೆ ನಂ. 1 ಅಂತ ಹೊಸ ನಂಬರ್ ಕೊಟ್ಟು ಎಬ್ಬಿಸಿದರು. ನಿಮ್ಮ ಪ್ರಶ್ನೆಗೆ ಇದಕ್ಕಿಂತ ಒಳ್ಳೇ ಉದಾಹರಣೆ ಇಲ್ಲ. ಆ ದಿನ ವಿಮಾನವೂ ಹಳೇ ನಂ. 1ರದ್ದಲ್ಲ, ಜನರೂ ಅಲ್ಲ, ಜಾಗವೂ ಅಲ್ಲ. ಆದರೂ ಅದು ನಂ. 1, ಯಾಕಂದ್ರೆ ಆ ಜನ ಹಳೇ ಹೊಣೆಯನ್ನು ತಮ್ಮದು ಅಂತ ಹೊತ್ತುಕೊಂಡರು. ನಂತರ ವ್ಯಾಂಪೈರ್, ಇವರ ಮೊದಲ ಜೆಟ್. 1957ರ ಹೊತ್ತಿಗೆ ಫ್ರಾನ್ಸಿನ ಮಿಸ್ಟೇರ್.

ಈಗ ದೇವಯ್ಯನವರ ವಿಷಯ. ಅಜ್ಜಮಾಡ ಬೋಪಯ್ಯ ದೇವಯ್ಯ, ಹುಟ್ಟಿದ್ದು 1932ರ ಡಿಸೆಂಬರ್‌ನಲ್ಲಿ. ವಾಯುಪಡೆ ಹುಟ್ಟಿದ ವರ್ಷವೇ! 1965ರ ಯುದ್ಧ ಶುರುವಾಗುವ ಹೊತ್ತಿಗೆ ಅವರು ಬೇರೆಯವರಿಗೆ ಹಾರಾಟ ಕಲಿಸುವ ಮೇಷ್ಟ್ರು. ಯುದ್ಧ ಬಂತು ಅಂತ ಅವರನ್ನು ಪಂಜಾಬಿನ ಆದಂಪುರದಲ್ಲಿದ್ದ ನಂ. 1ಕ್ಕೆ ಕಳಿಸಿದರು. ಕಮಾಂಡರ್ ವಿಂಗ್ ಕಮಾಂಡರ್ ಓಂ ಪ್ರಕಾಶ್ ತನೇಜಾ. ವಾಯುಪಡೆಯ ಮುಖ್ಯಸ್ಥ ಯಾರು ಹೇಳಿ? ಇಂಫಾಲ್‌ನಲ್ಲಿ ಇದೇ ಸ್ಕ್ವಾಡ್ರನ್ ನಡೆಸಿದ್ದ ಅದೇ ಅರ್ಜನ್ ಸಿಂಗ್.

ಸೆಪ್ಟೆಂಬರ್ 7ರ ಬೆಳಗಿನ ಜಾವ ಹೋಗಬೇಕಾಗಿದ್ದದ್ದು ಸರ್ಗೋಧಾಕ್ಕೆ. ಪಾಕಿಸ್ತಾನದ ಅತಿ ದೊಡ್ಡ ವಾಯುನೆಲೆ, ಅವರ ಒಳ್ಳೊಳ್ಳೆ ಫೈಟರ್‌ಗಳೆಲ್ಲ ಅಲ್ಲೇ. ಆದಂಪುರದಿಂದ ನೇರ ಗೆರೆ ಎಳೆದರೆ ಸುಮಾರು 300 ಕಿ.ಮೀ. ಮಿಸ್ಟೇರ್‌ಗೆ ಇದು ಕೈಗೆಟುಕುವ ಕೊನೆಯ ಅಂಚು. ರಾಡಾರ್‌ಗೆ ಸಿಗಬಾರದು ಅಂತ ನೆಲಕ್ಕೆ ಅಂಟಿಕೊಂಡ ಹಾಗೆ ಹಾರಬೇಕು, ಕೆಳಗೆ ಹಾರಿದಷ್ಟೂ ಜೆಟ್ ಎಂಜಿನ್ ಇಂಧನ ಜಾಸ್ತಿ ಕುಡಿಯುತ್ತದೆ. ಹೋಗಿ, ಒಂದು ಸುತ್ತು ಹೊಡೆದು, ವಾಪಸ್ ಬರುವಷ್ಟಕ್ಕೆ ಲೆಕ್ಕ. ಅಲ್ಲಿ ನಿಂತು ಕಾದಾಡೋಕೆ ಇಂಧನ ಇಲ್ಲ. ಹನ್ನೆರಡು ವಿಮಾನ, ನಾಲ್ಕು ನಾಲ್ಕರ ಗುಂಪು, ಯಾವುದಾದರೂ ಕೈಕೊಟ್ಟರೆ ಇರಲಿ ಅಂತ ಇನ್ನೆರಡು. ದೇವಯ್ಯ ಆ ಎರಡರಲ್ಲಿ ಒಬ್ಬರು. ಎಲ್ಲ ಸರಿ ಹೋಗಿದ್ದರೆ ಅವರು ಅರ್ಧ ದಾರಿಯಿಂದ ವಾಪಸ್ ಬರಬೇಕಿತ್ತು. ಒಂದು ವಿಮಾನ ಹಿಂದುಳಿಯಿತು, ದೇವಯ್ಯ ಅದರ ಜಾಗಕ್ಕೆ ಸೇರಿಕೊಂಡರು.

ದಾಳಿ ಮುಗಿಸಿ ಮಿಸ್ಟೇರ್‌ಗಳು ಮನೆ ಕಡೆ ತಿರುಗಿದಾಗ ಪಾಕಿಸ್ತಾನದ ಫ್ಲೈಟ್ ಲೆಫ್ಟಿನೆಂಟ್ ಅಮ್ಜದ್ ಹುಸೇನ್ ಸ್ಟಾರ್‌ಫೈಟರ್‌ನಲ್ಲಿ ಬೆನ್ನು ಹತ್ತಿದರು. ಅವರಿಗೆ ಸಿಕ್ಕಿದ್ದು ದೇವಯ್ಯ. ಮೊದಲು ಸೈಡ್‌ವೈಂಡರ್ ಕ್ಷಿಪಣಿ ಬಿಟ್ಟರು, ತಾಗಲಿಲ್ಲ. ಆಗಿನ ಆ ಕ್ಷಿಪಣಿ ಎಂಜಿನ್ನಿನ ಬಿಸಿ ಹುಡುಕಿಕೊಂಡು ಹೋಗುವಂಥದ್ದು, ನೆಲಕ್ಕೆ ಅಷ್ಟು ಹತ್ತಿರದಲ್ಲಿ ಅದರ ಕಣ್ಣು ಸರಿಯಾಗಿ ಕೆಲಸ ಮಾಡುತ್ತಿರಲಿಲ್ಲ. ಆಮೇಲೆ ಹತ್ತಿರ ಬಂದು ಗನ್‌ನಿಂದ ಹೊಡೆದರು. ಮಿಸ್ಟೇರ್‌ಗೆ ಏಟು ಬಿತ್ತು. ಇದು ಮುಗಿಯಿತು ಅಂದುಕೊಂಡು ಅವರು ಮುಂದಿನ ವಿಮಾನಗಳ ಕಡೆ ಹೊರಟರು. ಆದರೆ ಮುಗಿದಿರಲಿಲ್ಲ. ಏಟು ತಿಂದ ವಿಮಾನವನ್ನು ತಿರುಗಿಸಿಕೊಂಡು ದೇವಯ್ಯ ಸ್ಟಾರ್‌ಫೈಟರ್ ಮೇಲೆ ಬಿದ್ದರು.

ಈಗ ನಿಮ್ಮ ಪ್ರಶ್ನೆ, ಎರಡು ಪಟ್ಟು ವೇಗದ್ದನ್ನು ಹೇಗೆ ಕೆಡವಿದರು ಅಂತ. ಸ್ಟಾರ್‌ಫೈಟರ್ ಶಬ್ದದ ಎರಡರಷ್ಟು ವೇಗಕ್ಕೆ ಹೋಗುತ್ತದೆ, ನಿಜ. ಆದರೆ ಅದು ಎತ್ತರದಲ್ಲಿ, ನೇರ ಹೋಗುವಾಗ. ಅದರ ರೆಕ್ಕೆ ನೋಡಿದರೆ ಆಶ್ಚರ್ಯ ಆಗುತ್ತದೆ, ಸುಮಾರು 17 ಮೀಟರ್ ಉದ್ದದ ವಿಮಾನಕ್ಕೆ ಈ ತುದಿಯಿಂದ ಆ ತುದಿಗೆ 7 ಮೀಟರ್ ಕೂಡ ಇಲ್ಲ. ರೆಕ್ಕೆಯ ಒಟ್ಟು ವಿಸ್ತೀರ್ಣ 18 ಚದರ ಮೀಟರ್ ಅಷ್ಟೇ. ಮಿಸ್ಟೇರ್‌ದು 32. ವಿಮಾನ ತಿರುಗೋದು ರೆಕ್ಕೆಯ ಬಲದಿಂದ. ಚಿಕ್ಕ ರೆಕ್ಕೆಯ ಮೇಲೆ ಜಾಸ್ತಿ ಭಾರ ಇದ್ದರೆ ಬಿಗಿಯಾಗಿ ತಿರುಗೋಕೆ ಆಗಲ್ಲ. ಇನ್ನೊಂದು ಲೆಕ್ಕ ಇದೆ. ಅಷ್ಟೇ ಬಲ ಹಾಕಿ ತಿರುಗಿದರೂ, ವೇಗ ಎರಡು ಪಟ್ಟಾದರೆ ಹೊಡೆಯುವ ಸುತ್ತು ನಾಲ್ಕು ಪಟ್ಟು ದೊಡ್ಡದಾಗುತ್ತದೆ. ಹೈವೇಯಲ್ಲಿ ಬೈಕು ಸೈಕಲ್ಲನ್ನು ಹಿಂದೆ ಹಾಕಿ ಹೋಗುತ್ತೆ, ಆದರೆ ಕಿರಿದಾದ ಗಲ್ಲಿಯ ತಿರುವಿನಲ್ಲಿ ಅದೇ ವೇಗದಲ್ಲಿ ನುಗ್ಗೋಕೆ ಆಗುತ್ತಾ? ಸ್ಟಾರ್‌ಫೈಟರ್ ಪೈಲಟ್‌ಗೆ ಕ್ಷೇಮದ ದಾರಿ ಒಂದೇ, ಬಂದು ಹೊಡೆದು ಅದೇ ವೇಗದಲ್ಲಿ ಹೊರಟುಹೋಗೋದು. ತಿರುಗಾಟದ ಕಾಳಗಕ್ಕೆ ಇಳಿದರೆ ಪ್ರತಿ ತಿರುವಿಗೂ ವೇಗ ಸೋರಿಹೋಗುತ್ತದೆ, ಕೊನೆಗೆ ಮಿಸ್ಟೇರ್‌ಗೆ ಅನುಕೂಲವಾದ ವೇಗಕ್ಕೆ ಬಂದು ನಿಲ್ಲುತ್ತದೆ. ಅಲ್ಲಿ ಮಿಸ್ಟೇರ್ ಮೇಲುಗೈ. ಅದರ ಮೂತಿಯ ಕೆಳಗೆ 30 ಮಿಲಿಮೀಟರಿನ ಎರಡು ಕ್ಯಾನನ್ ಇದ್ದವು, ಆ ಗುಂಡು ಕೆಲವೇ ತಾಗಿದರೂ ಸಾಕು. ಮೇಷ್ಟ್ರಾಗಿದ್ದ ದೇವಯ್ಯನವರಿಗೆ ಇದೆಲ್ಲ ಕರತಲಾಮಲಕ. ಅಮ್ಜದ್ ಹುಸೇನ್ ಸೀಟ್ ಸಮೇತ ಹೊರಗೆ ಹಾರಿ ಪ್ಯಾರಾಚೂಟಿನಲ್ಲಿ ಬದುಕಿ ಇಳಿದರು. ದೇವಯ್ಯ ವಾಪಸ್ ಬರಲಿಲ್ಲ.

ವಿಮಾನದ ಗುಣ ಇದನ್ನೆಲ್ಲ ವಿವರಿಸುತ್ತದೆ, ತಿರುಗಿ ನಿಂತದ್ದನ್ನು ವಿವರಿಸಲ್ಲ. ವಿಮಾನಕ್ಕೆ ಏಟು ಬಿದ್ದಿದೆ, ಇಂಧನದ ಲೆಕ್ಕ ಪ್ರತಿ ಪೈಲಟ್‌ಗೂ ಬಾಯಿಪಾಠ, ಕಾದಾಟಕ್ಕೆ ನಿಂತರೆ ಮನೆ ಮುಟ್ಟೋಕೆ ಆಗಲ್ಲ ಅಂತ ಗೊತ್ತು. ಮುಂದೆ ಹೋಗುತ್ತಿರುವ ಜೊತೆಗಾರರಿಗೆ ಹಿಂದಿನಿಂದ ಏನು ಬರುತ್ತಿದೆ ಅಂತಲೂ ಗೊತ್ತಿಲ್ಲ. ಇಂಫಾಲ್‌ನಲ್ಲಿ ಹಿಂದಿನ ವಿಮಾನದವನು ಮಾಡುತ್ತಿದ್ದ ಕೆಲಸ ನೆನಪಿದೆಯಲ್ಲ, ಆವತ್ತು ದೇವಯ್ಯ ಮಾಡಿದ್ದೂ ಅದೇ.

ಆದಂಪುರದಲ್ಲಿ ಯಾರಿಗೂ ಏನಾಯಿತು ಅಂತ ಗೊತ್ತಾಗಲಿಲ್ಲ, ಯಾಕಂದ್ರೆ ನೋಡಿದವರೇ ಇರಲಿಲ್ಲ. ‘ಕಾಣೆಯಾಗಿದ್ದಾರೆ’ ಅಂತ ದಾಖಲಾಯಿತು. 1979ರಲ್ಲಿ ಬ್ರಿಟಿಷ್ ಲೇಖಕರೊಬ್ಬರು ಪಾಕಿಸ್ತಾನದ ಕಡೆಯಿಂದ ಆ ಯುದ್ಧದ ಪುಸ್ತಕ ಬರೆದರು. ಒಂದು ಮಿಸ್ಟೇರ್ ತಿರುಗಿ ಬಿದ್ದು ಸ್ಟಾರ್‌ಫೈಟರ್ ಕೆಡವಿದ್ದು ಅದರಲ್ಲಿ ಬಂತು. ಆ ಗುಂಪಿನಲ್ಲಿ ವಾಪಸ್ ಬರದ ಮಿಸ್ಟೇರ್ ಒಂದೇ. ತನೇಜಾ ಅವರು ನಿವೃತ್ತಿಯ ನಂತರವೂ ಇದನ್ನು ಬಿಡದೆ ಹಿಂದೆ ಬಿದ್ದರು. 1988ರಲ್ಲಿ, ಅಂದ್ರೆ 23 ವರ್ಷ ಆದ ಮೇಲೆ, ದೇವಯ್ಯನವರಿಗೆ ಮಹಾವೀರ ಚಕ್ರ ಕೊಟ್ಟರು. ಅವರ ಪತ್ನಿ ಅದನ್ನು ತಗೊಂಡರು. ಶತ್ರು ದೇಶದ ಪೈಲಟ್ ಹೇಳಿದ ಮಾತಿನಿಂದ ನಮ್ಮವನ ಸಾಹಸ ನಮಗೇ ತಿಳಿಯಿತು. ಅಮ್ಜದ್ ಹುಸೇನ್ ಅದನ್ನು ಮುಚ್ಚಿಡದೆ ಹೇಳಿದ್ದಕ್ಕೆ ನಾವು ಅವರನ್ನೂ ಗೌರವದಿಂದ ನೆನೆಯಬೇಕು ಅನ್ನೋದು ನನ್ನ ಅನಿಸಿಕೆ.

ಆಮೇಲೆ ಟೈಗರ್ಸ್ ಮಿಗ್-21ಕ್ಕೆ ಬದಲಾದರು. 1971ರ ಯುದ್ಧ ನೋಡಿದ್ದೂ ಅದರಲ್ಲೇ. ಈ ಮಿಗ್ ಬಗ್ಗೆ ಒಂದು ಮಾತು, ದೇವಯ್ಯನವರ ಕಾಳಗಕ್ಕೆ ಸಂಬಂಧ ಇರೋದ್ರಿಂದ. ಆಗ ಬಂದ ಮಿಗ್-21 ಎಫ್‌ಎಲ್ ಮಾದರಿಯ ಒಳಗೆ ಗನ್ನೇ ಇರಲಿಲ್ಲ. ಇನ್ನು ಮುಂದೆ ಕ್ಷಿಪಣಿಯ ಕಾಲ, ಗನ್ ಯಾಕೆ ಅಂತ ಜಗತ್ತಿನ ದೊಡ್ಡ ದೊಡ್ಡವರೆಲ್ಲ ನಂಬಿದ್ದ ಸಮಯ. ಸರ್ಗೋಧಾದ ಆಕಾಶದಲ್ಲಿ ಆಗಿದ್ದು ಅದಕ್ಕೆ ಪೂರ್ತಿ ಉಲ್ಟಾ. ಕ್ಷಿಪಣಿ ತಪ್ಪಿತು, ಎರಡೂ ಕಡೆ ತಾಗಿದ್ದು ಗನ್ನಿನ ಗುಂಡು. ನಮ್ಮವರು ಪಟ್ಟು ಹಿಡಿದು ಗನ್ ಕೇಳಿದರು. ಎರಡು ನಳಿಗೆಯ 23 ಮಿಲಿಮೀಟರ್ ಗನ್ ಇರುವ ಒಂದು ಗೂಡನ್ನು ವಿಮಾನದ ಹೊಟ್ಟೆಯ ಕೆಳಗೆ ಕಟ್ಟಿದರು. ಹೊಟ್ಟೆಯಡಿ ಜಾಗ ಎಷ್ಟು ಕಮ್ಮಿ ಅಂದ್ರೆ, ಮಿಗ್ ಕೆಳಗೆ ಕೆಲಸ ಮಾಡಿದವರಿಗೆ ಮಂಡಿ ಮತ್ತು ಬೆನ್ನು ಇವತ್ತಿಗೂ ಅದನ್ನು ನೆನಪಿಸುತ್ತವೆ. ಆದರೂ ಆ ಗೂಡು ಇರಲೇಬೇಕಿತ್ತು.

1986ರಿಂದ ಮಿರಾಜ್ 2000, ನೆಲೆ ಗ್ವಾಲಿಯರ್. ನಮ್ಮಲ್ಲಿ ಅದರ ಹೆಸರು ‘ವಜ್ರ’. ಬಾಲದ ಕಡೆ ಅಡ್ಡ ರೆಕ್ಕೆ ಇಲ್ಲ, ಇಡೀ ರೆಕ್ಕೆ ಒಂದೇ ತ್ರಿಕೋನ. ಪೈಲಟ್ ಕೈಗೂ ರೆಕ್ಕೆಗೂ ನಡುವೆ ಕಂಪ್ಯೂಟರ್ ಕೂತಿರುತ್ತದೆ. ಮಿಸ್ಟೇರ್ ಮಾಡಿದ ಅದೇ ಫ್ರಾನ್ಸಿನ ಡಸಾಲ್ಟ್ ಕಂಪನಿಯದು, ಅಂದ್ರೆ ಟೈಗರ್ಸ್‌ಗೆ ಇದು ಹಳೇ ನೆಂಟರ ಮನೆಯ ಹೊಸ ಸಂಬಂಧ. ಇಲ್ಲೊಂದು ತಪ್ಪು ತಿಳಿವಳಿಕೆ ಸರಿಮಾಡಬೇಕು. ಕಾರ್ಗಿಲ್‌ನಲ್ಲಿ ಮಿರಾಜ್ ಮಾಡಿದ್ದೆಲ್ಲ ನಂ. 1ರ ಖಾತೆಗೆ ಬರೆಯುವವರಿದ್ದಾರೆ. ಹಾಗಲ್ಲ. 1999ರ ಜೂನ್‌ನಲ್ಲಿ ಟೈಗರ್ ಹಿಲ್ ಮೇಲೆ ಲೇಸರ್ ಬಾಂಬ್ ಹಾಕಿದ್ದು ಸೇರಿ ಮುಖ್ಯ ದಾಳಿಗಳು ಗ್ವಾಲಿಯರ್‌ನದೇ ಇನ್ನೊಂದು ಸ್ಕ್ವಾಡ್ರನ್ ನಂ. 7, ‘ಬ್ಯಾಟಲ್ ಆಕ್ಸಸ್’ ಅವರದ್ದು. ಬೆಟ್ಟದ ಹೆಸರು ಟೈಗರ್, ಅದಕ್ಕೇ ಈ ಗೊಂದಲ ಇರಬೇಕು. ಆ ಮೇಲೆ ಮಿರಾಜ್‌ಗಳಿಗೆ ಹೊಸ ರಾಡಾರ್, ಹೊಸ ಕ್ಷಿಪಣಿ ಹಾಕುವ ಕೆಲಸ 2011ರ ಒಪ್ಪಂದದಲ್ಲಿ ಶುರುವಾಯಿತು. ಅದರ ಬಹುಪಾಲು ಬೆಂಗಳೂರಿನ ಎಚ್‌ಎಎಲ್‌ನಲ್ಲೇ ಆಗಿದ್ದು.

ಕೊನೆಯ ಪ್ರಶ್ನೆ, ಎಲ್ಲಿ ನೋಡಬಹುದು ಅಂತ. ದೆಹಲಿಗೆ ಹೋದರೆ ಪಾಲಂನ ವಾಯುಪಡೆ ಸಂಗ್ರಹಾಲಯ ತಪ್ಪಿಸಬೇಡಿ. ವಾಪಿಟಿ, ಲೈಸ್ಯಾಂಡರ್, ಹರಿಕೇನ್, ಸ್ಪಿಟ್‌ಫೈರ್, ವ್ಯಾಂಪೈರ್, ಮಿಸ್ಟೇರ್, ಮಿಗ್-21, ಈ ಸ್ಕ್ವಾಡ್ರನ್ ಹತ್ತಿದ ಹೆಚ್ಚುಕಮ್ಮಿ ಎಲ್ಲ ಜಾತಿಯ ವಿಮಾನ ಒಂದೇ ಕಡೆ ಇವೆ. ವಾಪಿಟಿ ಅಂತೂ ಜಗತ್ತಿನಲ್ಲಿ ಉಳಿದಿರೋದೇ ಅದೊಂದು. ಹೋದಾಗ ಸುಮ್ನೆ ಮುಂದೆ ನಿಂತು ಫೋಟೋ ತೆಗೆದು ಬರಬೇಡಿ. ಲೈಸ್ಯಾಂಡರ್ ಪಕ್ಕ ಬಗ್ಗಿ ಚಕ್ರದ ಕವಚ ನೋಡಿ, ಗನ್ನಿನ ಜಾಗ ಕಾಣುತ್ತದೆ. ಮಿಸ್ಟೇರ್ ಮುಂದೆ ನಿಂತಾಗ ಗಾಳಿ ಎಳೆದುಕೊಳ್ಳುವ ದುಂಡು ಬಾಯಿಯ ಕೆಳಗೆ ಕಣ್ಣು ಹಾಯಿಸಿ, ಆ ಎರಡು ಕ್ಯಾನನ್‌ಗಳ ಜಾಗ ಅಲ್ಲೇ. ಆಮೇಲೆ ಪಕ್ಕಕ್ಕೆ ಬಂದು ರೆಕ್ಕೆಯ ಅಗಲವನ್ನು ಹೆಜ್ಜೆ ಹಾಕಿ ಅಳೆಯಿರಿ. ಒಂದು ತುದಿಯಿಂದ ಇನ್ನೊಂದಕ್ಕೆ ಹನ್ನೊಂದು ಮೀಟರ್ ಇದೆ. ಸ್ಟಾರ್‌ಫೈಟರ್ ಅಲ್ಲಿ ಇದ್ದಿದ್ದರೆ ನೀವು ನಾಲ್ಕು ಮೀಟರ್ ಮೊದಲೇ ನಿಂತುಬಿಡುತ್ತಿದ್ದಿರಿ.